ಮೇಜು ಕುಟ್ಟಿದ ಸಾಹೇಬರು

ಬೆಳಿಗ್ಗೆ ಎಚ್ಚರವಾದಾಗ ವೆಂಕಟರಾಯಪ್ಪನಿಗೆ ತನ್ನ ಬಲಗೈ ತನ್ನದೆನಿಸಲಿಲ್ಲ. ಯಾರದೋ ಕೈಯನ್ನು ಯಾರೋ ತಂದು ಹಾಸಿಗೆಯ ಮೇಲಿಟ್ಟು ಹೋದ ಹಾಗೆ ಅದು ಪಕ್ಕದಲ್ಲಿ ಬಿದ್ದಿತ್ತು. ಎಡಗೈಯಿಂದ ಅದನ್ನೆತ್ತಿ ಎದೆಯ ಮೇಲಿಟ್ಟುಕೊಂಡು ಬೆರಳುಗಳನ್ನು ಒಂದೊಂದಾಗಿ ಹಿಸುಕಿದ. ಸಕ್ಕರೆ ಕಾಯಿಲೆಯವರಿಗೆ ಜೋಮು ಕಾಲಿನಿಂದ ಶುರುವಾಗುತ್ತದೆ, ನಿಮಗೆ ಕೈಯಿಂದ ಶುರುವಾಗಿದೆ, ರಾಜಕೀಯದವರದ್ದು ಎಲ್ಲವೂ ಉಲ್ಟಾ ಎಂದು ಹೊಸಕೋಟೆಯ ಡಾಕ್ಟರು ನಕ್ಕಿದ್ದರು. ವೆಂಕಟರಾಯಪ್ಪನೂ ನಕ್ಕಿದ್ದ. ಹತ್ತು ವರ್ಷ ಸಂಸದನಾಗಿದ್ದು, ಸೋತು ಹನ್ನೊಂದು ವರ್ಷವಾದ ಮೇಲೆ, ಯಾರು ಏನೇ ಹೇಳಿದರೂ ಮೊದಲು ನಗುವುದು, ಆಮೇಲೆ ಅದು ತಮಾಷೆಯೋ ಅವಮಾನವೋ ಎಂದು ಯೋಚಿಸುವುದು ಅವನಿಗೆ ಅಭ್ಯಾಸವಾಗಿತ್ತು. ಅಂಗೈ ನೋಡಿಕೊಂಡ. ಗೆರೆಗಳೆಲ್ಲ ಇದ್ದವು. ಉಗುರಿನಿಂದ ಗೀರಿದರೆ ಬಿಳಿ ಗುರುತು ಮೂಡಿ ಅಳಿಸಿಹೋಯಿತು, ನೋವು ಮಾತ್ರ ಬರಲಿಲ್ಲ. ಕಿಟಕಿಯಾಚೆ ಪೌರಕಾರ್ಮಿಕರ ಆಟೋದಿಂದ ಕಸ ಹಾಕಿ ಎಂಬ ಹಾಡು ಕೇಳುತ್ತಿತ್ತು. ಇವತ್ತು ಲಕ್ಷ್ಮಯ್ಯನ ಹನ್ನೊಂದನೇ ದಿನದ ಕಾರ್ಯ ಎಂಬುದು ಆಗ ನೆನಪಾಯಿತು.

ನೆನಪಾದ ಹೊತ್ತಿಗೇ ಫೋನು ಬಂತು. "ಸಾರ್, ನಾನು ಭಾನುಪ್ರಿಯಾ. ಬೈಲುಕುಂಟೆ ಲಕ್ಷ್ಮಯ್ಯನವರ ಮೊಮ್ಮಗಳು. ಕಾರ್ಯಕ್ಕೆ ಬರ್ತಿದೀರಲ್ವಾ ಸಾರ್?"

"ಬರ್ದೆ ಇರ್ತೀನೇನಮ್ಮ."

"ಒಂದ್ ಸಣ್ಣ ಹೆಲ್ಪ್ ಆಗ್ಬೇಕು. ನೀವು ಪಾರ್ಲಿಮೆಂಟಲ್ಲಿ ಮೇಜು ಕುಟ್ಟಿ ನಮ್ಮೂರಲ್ಲಿ ರೈಲು ನಿಲ್ಲಿಸ್ಬೇಕು ಅಂತ ಮಾತಾಡಿದ್ರಲ್ಲ, ತಾತ ದಿನಾ ಹೇಳೋರು, ಆ ವಿಡಿಯೋನ ಟಿವೀಲಿ ಹಾಕಣ ಅಂತ ಹುಡುಕ್ದೆ. ಆವತ್ತಿನ ಕಲಾಪ ಪೂರ್ತಿ ನೆಟ್ಟಲ್ಲಿದೆ ಸಾರ್. ಎರಡು ದಿನ ಕೂತ್ಕೊಂಡು ನೋಡ್ದೆ. ನೀವೆಲ್ಲೂ ಕಾಣ್ಲಿಲ್ಲ."

"ಹಳೇದಲ್ವೇನಮ್ಮ, ಅಳಿಸ್ಹೋಗಿರ್ಬೇಕು." ಯೋಚಿಸುವ ಮೊದಲೇ ಬಾಯಿಂದ ಬಂದುಬಿಟ್ಟಿತ್ತು.

"ಇರ್ಬೋದು. ಹಂಗಿದ್ರೆ ತಾತ ಫ್ರೇಮ್ ಹಾಕ್ಸಿದಾರಲ್ಲ ನಿಮ್ಮ ಭಾಷಣದ ಪೇಪರ್ರು, ಅದನ್ನೇ ನೀವು ಮೈಕಲ್ಲಿ ಓದ್ಬಿಡಿ ಸಾರ್. ಅಜ್ಜೀಗೂ ಅದೇ ಆಸೆ." ಹುಡುಗಿ ಸ್ವಲ್ಪ ತಡೆದಳು. ಬೆಂಗಳೂರಿನಲ್ಲಿ ಲಾ ಓದುತ್ತಿದ್ದಾಳೆಂದು ಲಕ್ಷ್ಮಯ್ಯ ಹೇಳಿದ್ದು ವೆಂಕಟರಾಯಪ್ಪನಿಗೆ ನೆನಪಾಯಿತು. "ಅದರಲ್ಲಿ ನಿಮ್ಮ ಹೆಸರಿನ ಪಕ್ಕ ಒಂದು ಸ್ಟಾರ್ ಇದೆ. ಅದೇನ್ ಸಾರ್?"

"ಹಲೋ... ಹಲೋ... ಕೇಳಿಸ್ತಿಲ್ಲಮ್ಮ," ಎಂದು ಅವನು ಫೋನು ಇಟ್ಟ. ಕೇಳಿಸಿತ್ತು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡವನು ನಾನೇ ಅಲ್ಲವೆ ಎಂದು ಅನ್ನಿಸಿತು, ಆದರೆ ಅನ್ನಿಸಿದ್ದು ಕೂಡ ಆ ಕೈಯ ಹಾಗೆಯೇ, ದೂರದಲ್ಲೆಲ್ಲೋ.

ಆ ನಕ್ಷತ್ರ ಏನೆಂದು ಅವನಿಗೆ ಚೆನ್ನಾಗಿ ಗೊತ್ತಿತ್ತು. ಸದನದಲ್ಲಿ ಎಲ್ಲರಿಗೂ ಮಾತಾಡಲು ಹೊತ್ತು ಸಾಲದಾದಾಗ ಉಳಿದವರು ತಮ್ಮ ಭಾಷಣದ ಕಾಗದವನ್ನು ಮೇಜಿನ ಮೇಲೆ ಇಟ್ಟುಬಿಡಬಹುದು. ಬಾಯಿ ತೆರೆಯಬೇಕಾಗಿಲ್ಲ. ಅಚ್ಚಾಗುವ ಕಲಾಪದ ಪುಸ್ತಕದಲ್ಲಿ ಅದೂ ಆಡಿದ ಮಾತಿನ ಜೊತೆಗೇ ಸೇರುತ್ತದೆ. ಹೆಸರಿನ ಪಕ್ಕ ಒಂದು ನಕ್ಷತ್ರ, ಪುಟದ ಅಡಿಯಲ್ಲಿ ಸಣ್ಣ ಇಂಗ್ಲಿಷಿನಲ್ಲಿ ಮೇಜಿನ ಮೇಲೆ ಇಡಲಾಯಿತು ಎಂಬ ಸಾಲು, ಅಷ್ಟೆ ವ್ಯತ್ಯಾಸ. ಹದಿನಾಲ್ಕು ವರ್ಷದ ಹಿಂದಿನ ಮಾರ್ಚ್ ತಿಂಗಳು. ರೈಲ್ವೆ ಬಜೆಟ್ಟಿನ ಚರ್ಚೆ. ಬೈಲುಕುಂಟೆಯ ಹೆಂಗಸರು ಕೊತ್ತಂಬರಿ, ದಂಟು, ಸಬ್ಬಸಿಗೆ ಸೊಪ್ಪಿನ ಬುಟ್ಟಿ ಹೊತ್ತು, ಊರ ಪಕ್ಕದಲ್ಲೇ ಹಾದುಹೋಗುವ ಹಳಿಯ ಜಲ್ಲಿಯ ಮೇಲೆ ನಾಲ್ಕು ಕಿಲೋಮೀಟರು ನಡೆದು, ಮುಂದಿನ ಸ್ಟೇಷನ್ನಿನಲ್ಲಿ ಬೆಳಿಗ್ಗೆ ಆರರ ರೈಲು ಹತ್ತುತ್ತಿದ್ದರು. ಆ ರೈಲು ಬೈಲುಕುಂಟೆಯಲ್ಲಿ ನಿಂತರೆ ಸಾಕು ಎಂಬುದು ಲಕ್ಷ್ಮಯ್ಯನ ಒಂದೇ ಬೇಡಿಕೆ. ಇಪ್ಪತ್ತು ವರ್ಷ ಪಕ್ಷದ ಬಾವುಟ ಕಟ್ಟಿದವನು ತನಗಾಗಿ ಏನನ್ನೂ ಕೇಳಿದವನಲ್ಲ. "ಒಂದ್ ನಿಮಿಷ ಸಾಕಣ್ಣ. ಬುಟ್ಟಿ ಏರ್ಸೋ ಅಷ್ಟೊತ್ತು." ಕನ್ನಡದಲ್ಲಿ ಮಾತಾಡುವುದಾದರೆ ಮೊದಲೇ ಚೀಟಿ ಕೊಟ್ಟಿರಬೇಕು, ಆಗ ಅನುವಾದಕರು ಬಂದು ಕೂರುತ್ತಾರೆ. ಬರೆದ ಚೀಟಿ ಮಧ್ಯಾಹ್ನದವರೆಗೂ ಜುಬ್ಬದ ಜೇಬಿನಲ್ಲೇ ಉಳಿದಿತ್ತು. ಇನ್ನು ಇಂಗ್ಲಿಷೇ ಗತಿಯೆಂದು, ಆಪ್ತ ಸಹಾಯಕ ಜಯಕುಮಾರ ಯಾರ ಕೈಲೋ ಬರೆಸಿ ತಂದ ಹಾಳೆ ಹಿಡಿದು, ಹಾಲ್ಟ್ ಹಾಲ್ಟ್ ಎಂದು ತುಟಿಯಲ್ಲೇ ಅಭ್ಯಾಸ ಮಾಡುತ್ತಿದ್ದಾಗ ಪಕ್ಕದಲ್ಲಿ ಕೂತಿದ್ದ ಉತ್ತರದ ಕಡೆಯ ಸದಸ್ಯರೊಬ್ಬರು ಬಗ್ಗಿ, ಸಾಲ್ಟಾ, ನಿಮ್ಮ ಕಡೆ ಉಪ್ಪು ಮಾಡುತ್ತಾರಾ ಎಂದು ಬಹಳ ಗೌರವದಿಂದ ವಿಚಾರಿಸಿದ್ದರು. ಅವರ ಹಿಂದಿನವರು ನಕ್ಕಿದ್ದರು. ವೆಂಕಟರಾಯಪ್ಪನೂ ನಕ್ಕಿದ್ದ. ಸಂಜೆ ಪಕ್ಷದ ಹಿರಿಯರು ಬೆನ್ನು ತಟ್ಟಿ, ಒಂದು ನಿಮಿಷ ಸಿಗುತ್ತದೆ, ಮಾತಾಡುತ್ತೀರೋ ಮೇಜಿನ ಮೇಲೆ ಇಡುತ್ತೀರೋ ಎಂದು ಕೇಳಿದರು. ಇಡ್ತೀನಿ ಎಂದ. ಆಮೇಲೆ ಹೊಟ್ಟೆಯಲ್ಲಿ ಏನೋ ಹಗುರಾಗಿ, ಕ್ಯಾಂಟೀನಿಗೆ ಹೋಗಿ ಮೊಸರನ್ನ ತಿಂದಿದ್ದ. ಅದು ಬಹಳ ರುಚಿಯಾಗಿತ್ತು ಎನ್ನುವುದೇ ಈಗ ಎಲ್ಲಕ್ಕಿಂತ ಸ್ಪಷ್ಟವಾಗಿ ನೆನಪಿರುವುದು.

"ಇಡ್ಲಿ ಆರೋಯ್ತು," ಎಂದಳು ಹೆಂಡತಿ ಅಂಜಿನಮ್ಮ. ಎಷ್ಟು ಹೊತ್ತಿನಿಂದ ಎದುರಿಗೆ ಕೂತಿದ್ದಳೋ. "ಎಡಗೈಲಿ ಯಾಕ್ ತಿಂತಿದೀರಾ? ಮತ್ತೆ ಜೋಮಾ?"

"ಹ್ಞೂಂ."

"ಲಕ್ಷ್ಮಯ್ಯನ ಕಾರ್ಯಕ್ಕೆ ಹೋಗಿ ಊಟ ಮಾಡ್ಕೊಂಡ್ ಬನ್ನಿ. ಪಾಪ, ಹೋದ್ ಯುಗಾದೀಲೂ ಒಂದು ಬುಟ್ಟಿ ಸೊಪ್ಪು ತಂದ್ಕೊಟ್ಟು ಹೋಗಿದ್ರು. ಗೆದ್ದಾಗ ಬರೋರು ನೂರು ಜನ, ಸೋತ್ಮೇಲೆ ಬಂದೋರು ಅವರೊಬ್ರೇ."

ಅವಳು ನಿಜವನ್ನೇ ಹೇಳಿದಳು. ಲಕ್ಷ್ಮಯ್ಯ ಬಂದಾಗಲೆಲ್ಲ ಜಗಲಿಯ ಮೇಲೆ ಕೂತು, ಕಾಫಿ ಕುಡಿದು, ಏನೂ ಕೇಳದೆ ಎದ್ದು ಹೋಗುತ್ತಿದ್ದ. ಅಂಥವನ ಎದುರಿಗೆ ಕೂರುವುದು ಬೇಡುವವರ ಎದುರಿಗೆ ಕೂರುವುದಕ್ಕಿಂತ ಕಷ್ಟ. ಒಂದು ಸಲ, ಸೋತ ವರ್ಷವೇ ಇರಬೇಕು, ಮೇಲಿನ ಹಲ್ಲೊಂದು ಇಲ್ಲದೆ ಬಂದಿದ್ದ. ಟೀ ಅಂಗಡಿಯಲ್ಲಿ ಯಾರೋ, ನಿಮ್ಮ ಎಂಪಿ ದಿಲ್ಲೀಲಿ ಬಾಯೇ ಬಿಟ್ಟಿಲ್ಲ ಕಣೋ ಎಂದರಂತೆ. ಇವನು ಮನೆಗೆ ಓಡಿ ಫ್ರೇಮು ಹಾಕಿಸಿದ ಹಾಳೆ ತಂದು ತೋರಿಸಿದನಂತೆ. ಮಾತಿಗೆ ಮಾತು ಬೆಳೆದು ಕೈಗೆ ಹೋಯಿತಂತೆ. "ಹಲ್ಲೋದ್ರೆ ಹೋಗ್ಲಿ ಬುಡಣ್ಣ, ನಿಮ್ ಮಾತ್ ನಿಂತ್ಕತು," ಎಂದು ಆ ಕಿಂಡಿಯಲ್ಲೇ ನಕ್ಕಿದ್ದ. ಆಗ ಹೇಳಬಹುದಿತ್ತು. ಜಗಲಿಯಲ್ಲಿ ಇಬ್ಬರೇ ಇದ್ದರು. ವೆಂಕಟರಾಯಪ್ಪ ಒಳಗೆ ಕೂಗಿ, ಲಕ್ಷ್ಮಯ್ಯಂಗೆ ಇನ್ನೊಂದು ಲೋಟ ಕಾಫಿ ತಗೊಂಬಾ ಎಂದಿದ್ದ.

ಹತ್ತು ಗಂಟೆಗೆ ಜಯಕುಮಾರ ಕಾರು ತಂದ. ಆಪ್ತ ಸಹಾಯಕನಾಗಿದ್ದವನು ಈಗ ಹೊಸಕೋಟೆಯಲ್ಲೇ ಜೆರಾಕ್ಸ್ ಅಂಗಡಿ ಇಟ್ಟುಕೊಂಡಿದ್ದರೂ, ಸಾಹೇಬರು ಎಲ್ಲಿಗಾದರೂ ಹೋಗಬೇಕೆಂದರೆ ಅಂಗಡಿ ಮುಚ್ಚಿ ಬರುತ್ತಿದ್ದ. ಕಾರು ಸಮೇತನಹಳ್ಳಿ ದಾಟಿತು. ರಾಗಿ ಹೊಲಗಳಿದ್ದ ಕಡೆ ತಗಡಿನ ಗೋದಾಮುಗಳು, ಅವುಗಳ ಮುಂದೆ ಸಾಲಾಗಿ ನಿಂತ ಕಂಟೇನರ್ ಲಾರಿಗಳು. ನಡುವೆ ಅಲ್ಲೊಂದು ಇಲ್ಲೊಂದು ಗುಲಾಬಿ ತೋಟ ಉಳಿದಿತ್ತು. ಈ ದಾರಿಯಲ್ಲಿ ಒಮ್ಮೆ ಅವನನ್ನು ತೆರೆದ ಜೀಪಿನಲ್ಲಿ ಮೆರವಣಿಗೆ ಮಾಡಿದ್ದರು. ಆವತ್ತು ಹಾಕಿದ್ದ ಸೇಬಿನ ಹಾರದ ಭಾರಕ್ಕೆ ಕತ್ತು ನಾಲ್ಕು ದಿನ ನೋವಿತ್ತು.

"ಆ ಹುಡುಗಿ ಸ್ಟಾರ್ ನೋಡ್ಬಿಟ್ಟವ್ಳೆ ಕಣಯ್ಯ," ಎಂದ ವೆಂಕಟರಾಯಪ್ಪ.

ಜಯಕುಮಾರನಿಗೆ ವಿವರಿಸಬೇಕಾಗಿರಲಿಲ್ಲ. "ಹದಿನಾಲ್ಕು ವರ್ಷ ಆಯ್ತು ಸಾರ್. ಯಾರ್ ನೆನಪಿಟ್ಕೊಂಡಿರ್ತಾರೆ ಅದನ್ನೆಲ್ಲ?"

"ಲಕ್ಷ್ಮಯ್ಯ."

"ಅವರೇ ಹೋದ್ರಲ್ಲ ಸಾರ್." ಹೇಳಿದ ಮೇಲೆ ಜಯಕುಮಾರನಿಗೇ ಸರಿ ಕಾಣಲಿಲ್ಲ. ಹಾರ್ನ್ ಒತ್ತಿದ. ಎದುರಿಗೆ ಯಾವ ವಾಹನವೂ ಇರಲಿಲ್ಲ.

ಇದೆಲ್ಲ ಶುರುವಾಗಿದ್ದೇ ಜಯಕುಮಾರನ ಒಂದು ಫೋನಿನಿಂದ. ಆವತ್ತು ರಾತ್ರಿಯಾಗುವ ಮೊದಲು ದಿಲ್ಲಿಯಿಂದ ಲಕ್ಷ್ಮಯ್ಯನಿಗೆ ಫೋನು ಮಾಡಿ, "ಆಯ್ತು ಕಣಣ್ಣ, ಸಾಹೇಬ್ರು ನಿಮ್ಮೂರಿನ ವಿಷ್ಯಾನ ಟೇಬಲ್ ಮೇಲೆ ಕೊಟ್ರು," ಎಂದಿದ್ದ. ಟೀ ಅಂಗಡಿಯ ಗದ್ದಲದಲ್ಲಿ ನಿಂತಿದ್ದ ಲಕ್ಷ್ಮಯ್ಯನ ಕಿವಿಗೆ ಬಿದ್ದದ್ದು ಟೇಬಲ್ ಮೇಲೆ ಕೊಟ್ರು ಎಂಬುದೊಂದೇ. ಬೈಲುಕುಂಟೆಯಲ್ಲಿ ಕೆನ್ನೆಗೆ ಕೊಟ್ಟ, ಬೆನ್ನಿಗೆ ಕೊಟ್ಟ ಎಂದರೆ ಏನು ಕೊಟ್ಟ ಎಂದು ಯಾರೂ ಕೇಳುವುದಿಲ್ಲ. ಸಾಹೇಬರು ಟೇಬಲ್ ಮೇಲೆ ಒಂದು ಕೊಟ್ಟರು ಎಂದು ಅವನು ಅಂಗಡಿಯಲ್ಲಿದ್ದವರಿಗೆ ಕೂಗಿ ಹೇಳಿದ; ಬೆಳಗಾಗುವಷ್ಟರಲ್ಲಿ ಹೋಬಳಿಯ ತುಂಬ, ನಮ್ಮ ಎಂಪಿ ಮೇಜು ಕುಟ್ಟಿ ಮಂತ್ರಿಯನ್ನು ಕೇಳಿದರಂತೆ ಎಂದಾಯಿತು. ವೆಂಕಟರಾಯಪ್ಪ ಊರಿಗೆ ಬಂದಿಳಿದಾಗ ತಮಟೆ ಬಡಿಸಿ ಕರೆದೊಯ್ದರು. ಜನ ಅಷ್ಟು ಸಂತೋಷದಲ್ಲಿದ್ದರು, ತಿದ್ದುವುದಕ್ಕೆ ಸಂದು ಸಿಗಲಿಲ್ಲ. ನಾಳೆ ಹೇಳಿದರಾಯಿತು ಎಂದುಕೊಂಡ. ಆಮೇಲಿನ ಚುನಾವಣೆಯ ಕರಪತ್ರದಲ್ಲಿ ಅದೇ ದಪ್ಪಕ್ಷರದಲ್ಲಿ ಅಚ್ಚಾಯಿತು: ದಿಲ್ಲಿಯಲ್ಲಿ ಮೇಜು ಕುಟ್ಟಿದ ಸಾಹೇಬರು. ಅವನೇ ಪ್ರೂಫು ನೋಡಿ ಸಹಿ ಹಾಕಿದ್ದ.

ಮೇಜನ್ನೇನೋ ಅವನು ಮುಟ್ಟದೆ ಇರಲಿಲ್ಲ. ಹತ್ತು ವರ್ಷದಲ್ಲಿ ಅವನಷ್ಟು ಮೇಜು ತಟ್ಟಿದವರು ಕಡಿಮೆ. ಪಕ್ಷದ ದೊಡ್ಡವರು ಮಾತು ನಿಲ್ಲಿಸಿ ಉಸಿರೆಳೆದುಕೊಂಡಾಗ, ಹೊಸ ಮಂತ್ರಿಯ ಹೆಸರು ಹೇಳಿದಾಗ, ತನಗೆ ಅರ್ಥವಾಗದ ಭಾಷೆಯಲ್ಲಿ ಶಾಯರಿ ಓದಿದಾಗ, ಮುಂದಿನ ಸಾಲಿನವರು ತಟ್ಟಿದ್ದನ್ನು ನೋಡಿಕೊಂಡು ಇವನೂ ತಟ್ಟುತ್ತಿದ್ದ. ಮೊದಲ ವರ್ಷ ಸಂಜೆಗೆ ಅಂಗೈ ಕೆಂಪಾಗಿರುತ್ತಿತ್ತು. ಆಮೇಲೆ ಚರ್ಮ ಒಗ್ಗಿಹೋಯಿತು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುತ್ತಾರೆ. ಆಡದ ಮಾತು ಏನಾಗುತ್ತದೆ ಎಂದು ಹಿರಿಯರು ಹೇಳಿಟ್ಟುಹೋಗಿಲ್ಲ. ಅದು ಎಲ್ಲಿಗೂ ಹೋಗುವುದಿಲ್ಲವೆಂದು ವೆಂಕಟರಾಯಪ್ಪನಿಗೆ ಈಗ ಅನ್ನಿಸುತ್ತಿತ್ತು. ಇವತ್ತು ಹೇಳಿಬಿಡಬೇಕು. ಲಕ್ಷ್ಮಯ್ಯನಿಗೆ ಹೇಳಲಾಗಲಿಲ್ಲ, ಅವನ ಜನಕ್ಕಾದರೂ. ಹೇಳದಿದ್ದರೆ ಆ ಹುಡುಗಿ ಇವತ್ತಲ್ಲ ನಾಳೆ ಹೇಳುತ್ತಾಳೆ, ಆಗ ಲಕ್ಷ್ಮಯ್ಯ ಸತ್ತ ಮೇಲೂ ಸುಳ್ಳನಾಗುತ್ತಾನೆ. ತಾನು ಸುಳ್ಳನಾಗುವುದು ಹಳೆಯ ವಿಷಯ. ಆದರೆ ಹಲ್ಲು ಕಳೆದುಕೊಂಡವನು ಅವನು.

ಬೈಲುಕುಂಟೆಯಲ್ಲಿ ಲಕ್ಷ್ಮಯ್ಯನ ಮನೆಯ ಮುಂದೆ ಬಿಳಿ ಶಾಮಿಯಾನ ಹಾಕಿದ್ದರು. ಮೂವತ್ತು ಹೆಜ್ಜೆಯಾಚೆ ಹಳಿ ಕಾಣುತ್ತಿತ್ತು. ರೈಲು ಈಗಲೂ ಅಲ್ಲಿ ನಿಲ್ಲುವುದಿಲ್ಲ. ಸೊಪ್ಪೆಲ್ಲ ಟಾಟಾ ಏಸಿನಲ್ಲಿ ಹೋಗುತ್ತದೆ, ಬೆಳೆಯುವವರೂ ನಾಲ್ಕೈದು ಮನೆಯವರಷ್ಟೆ. ಒಂದು ಮೇಜಿನ ಮೇಲೆ ಬಿಳಿ ಬಟ್ಟೆ ಹಾಸಿ ಲಕ್ಷ್ಮಯ್ಯನ ಫೋಟೋ ಇಟ್ಟು ಸೇವಂತಿಗೆ ಹಾರ ಹಾಕಿದ್ದರು. ಫೋಟೋದಲ್ಲಿ ಬಾಯಿ ಮುಚ್ಚಿಕೊಂಡಿದ್ದ. ಮುಂದೆ ಬಾಳೆಯೆಲೆಯಲ್ಲಿ ಎಡೆ: ಮುದ್ದೆ, ಹುರುಳಿ ಸಾರು, ಒಂದು ಕಟ್ಟು ಬೀಡಿ, ಬೆಂಕಿಪೊಟ್ಟಣ. ಫೋಟೋದ ಪಕ್ಕಕ್ಕೆ ಒರಗಿಸಿ ಆ ಫ್ರೇಮು ಇಟ್ಟಿದ್ದರು. ಹಾಳೆ ಹಳದಿಯಾಗಿತ್ತು. ವೆಂಕಟರಾಯಪ್ಪ ಕನ್ನಡಕ ಹಾಕಿಕೊಳ್ಳದೆಯೇ ನಕ್ಷತ್ರವನ್ನು ಕಂಡ.

"ಬನ್ನಿ ಸಾಹೇಬ್ರೇ, ಬನ್ನಿ," ಎಂದು ಅಮರ್ ಬಂದು ಕೈಹಿಡಿದು ಮುಂದಿನ ಕುರ್ಚಿಗೆ ಕರೆದೊಯ್ದ. ಅವನು ಪಂಚಾಯಿತಿ ಸದಸ್ಯ, ಬೇರೆ ಪಕ್ಷದವನು, ಮೈಕು ಸಿಕ್ಕರೆ ಪಕ್ಷ ನೋಡದವನು. ಹಿಡಿದದ್ದು ಬಲಗೈಯಾದ್ದರಿಂದ ವೆಂಕಟರಾಯಪ್ಪನಿಗೆ ಹಿಡಿದದ್ದು ತಿಳಿಯಲಿಲ್ಲ, ಎಳೆದಾಗಷ್ಟೇ ತಿಳಿಯಿತು. ಕೆಲವರು ಎದ್ದು ಕೈಮುಗಿದರು. ಹುಡುಗರು ಯಾರಿದು ಎಂದು ಪಿಸುಗುಟ್ಟಿದರು. ಒಬ್ಬ ಮುದುಕ ಅವರಿಗೆ, "ಮೇಜು ಕುಟ್ಟಿದ್ರಲ್ಲೋ, ಅವ್ರು ಕಣ್ಲಾ," ಎಂದ. ಭಾನುಪ್ರಿಯಾ ನೀರು ತಂದುಕೊಟ್ಟಳು. ಅವಳ ಕಣ್ಣಿನಲ್ಲಿ ಸಿಟ್ಟೇನೂ ಇರಲಿಲ್ಲ. ಏನೂ ಬರೆಯದ ಉತ್ತರಪತ್ರಿಕೆಯನ್ನು ನೋಡುವ ಮೇಷ್ಟರ ಹಾಗೆ ಅವನನ್ನು ನೋಡಿ ಹೋದಳು.

ಅಮರ್ ಮೈಕು ತಟ್ಟಿ ನೋಡಿ ಶುರುಮಾಡಿದ. ಲಕ್ಷ್ಮಯ್ಯನವರು ಅಜಾತಶತ್ರು, ಲಕ್ಷ್ಮಯ್ಯನವರು ಸರಳ ಸಜ್ಜನ. ಸಂಸತ್ತಿನಲ್ಲೂ ತೀರಿಹೋದ ಮಾಜಿ ಸದಸ್ಯರ ಬಗ್ಗೆ ಹೀಗೆಯೇ ಓದುತ್ತಿದ್ದರು. ಇಂಥ ರಾಜ್ಯ, ಇಷ್ಟು ಅವಧಿ, ವೃತ್ತಿಯಿಂದ ಕೃಷಿಕರು, ಇಂಥ ದಿನ ನಿಧನರಾದರು. ಎಲ್ಲರೂ ಎದ್ದು ನಿಲ್ಲುತ್ತಿದ್ದರು. ಒಂದು ದಿನ ತನ್ನದನ್ನೂ ಓದುತ್ತಾರೆ. ಅದರಲ್ಲಿ ಮೇಜಿನ ಮಾತಾಗಲೀ ರೈಲಿನ ಮಾತಾಗಲೀ ಇರುವುದಿಲ್ಲ. ವೃತ್ತಿಯಿಂದ ಕೃಷಿಕರು ಎಂದಿರುತ್ತದೆ, ಅದೂ ಈಗ ನಿಜವಲ್ಲ.

"ಈಗ ನಮ್ಮ ಸಾಹೇಬ್ರು ಆವತ್ತು ದಿಲ್ಲೀಲಿ ಮಾಡಿದ ಆ ಭಾಷಣಾನ ಇವತ್ತು ನಮಗಾಗಿ ಇನ್ನೊಂದ್ಸಲ ಓದ್ತಾರೆ," ಎಂದು ಅಮರ್ ಫ್ರೇಮನ್ನು ತಂದು ಅವನ ಕೈಗಿಟ್ಟ. ಬಲಗೈಗೆ ಅದರ ಭಾರ ಗೊತ್ತಾಗದೆ ಜಾರಿತು. ಭಾನುಪ್ರಿಯಾ ಬಗ್ಗಿ ಹಿಡಿದುಕೊಂಡಳು. ವೆಂಕಟರಾಯಪ್ಪ ಮೈಕಿನ ಮುಂದೆ ನಿಂತ. ಹೇಳಬೇಕಾದ್ದು ಮೂರೇ ಮಾತು. ಕಾರಿನಲ್ಲಿ ಹತ್ತು ಸಲ ಹೇಳಿಕೊಂಡಿದ್ದ, ಹಾಲ್ಟ್ ಹಾಲ್ಟ್ ಎಂದು ಹೇಳಿಕೊಂಡ ಹಾಗೆ.

"ನಾನು ಮಾತಾಡ್ಲಿಲ್ಲ," ಎಂದ. ಮೈಕು ಕಿರ್ರೆಂದಿತು. "ಲಕ್ಷ್ಮಯ್ಯ ಕೇಳಿದ್ದ... ನಾನು ಮಾತಾಡ್ಲಿಲ್ಲ. ಆಗ್ಲಿಲ್ಲ ನನ್ ಕೈಲಿ."

ಮುಂದಿನ ಸಾಲಿನ ಹೆಂಗಸೊಬ್ಬಳು ಸೆರಗಿನಿಂದ ಕಣ್ಣೊರೆಸಿಕೊಂಡಳು. "ಪಾಪ, ಮಾತೇ ಹೊರಡ್ತಿಲ್ಲ," ಎಂದು ಯಾರೋ ಅಂದರು. ಅಲ್ಲ, ನಾನು ಹೇಳುತ್ತಿರುವುದು ಅದಲ್ಲ ಎನ್ನಲು ಬಾಯಿ ತೆರೆದ. ಅಷ್ಟರಲ್ಲಿ ಅಮರ್ ಮೈಕನ್ನು ಮೆಲ್ಲಗೆ ತನ್ನ ಕಡೆ ತಿರುಗಿಸಿಕೊಂಡಿದ್ದ. "ನೋಡಿ ಬಂಧುಗಳೇ, ಮೇಜು ಕುಟ್ಟಿ ಮಾತಾಡಿದ ಬಾಯಿ ಇವತ್ತು ಸ್ನೇಹಿತನ ದುಃಖದಲ್ಲಿ ಕಟ್ಟೋಗಿದೆ. ಇದಕ್ಕಿಂತ ದೊಡ್ಡ ಭಾಷಣ ಬೇಕಾ? ಎಲ್ಲರೂ ಎದ್ದು ನಿಂತು ಒಂದು ನಿಮಿಷ ಮೌನ." ಜನ ಎದ್ದರು. ಪ್ಲಾಸ್ಟಿಕ್ ಕುರ್ಚಿಗಳು ಸರಿದ ಸದ್ದು ನಿಂತಿತು. ವೆಂಕಟರಾಯಪ್ಪ ತಲೆ ಬಗ್ಗಿಸಿದ. ಹಳಿಯ ಮೇಲೆ ಒಂದು ರೈಲು ಬಂತು, ಅದರ ಸದ್ದಿನಲ್ಲಿ ಮೌನ ಮುಳುಗಿಹೋಯಿತು, ಕಿಟಕಿಗಳು ಒಂದೇ ಸಮನೆ ಓಡಿದವು. ಅದು ದಾಟಿಹೋಗುವಷ್ಟರಲ್ಲಿ ನಿಮಿಷ ಮುಗಿದಿತ್ತು. ಊಟಕ್ಕೆ ಏಳಬೇಕು ಎಂದು ಅಮರ್ ಕೂಗಿದ. ತಪ್ಪಿಸಿಕೊಂಡೆ ಎಂಬ ಹಗುರ ವೆಂಕಟರಾಯಪ್ಪನ ಹೊಟ್ಟೆಯೊಳಗೆ ಎದ್ದಿತು. ಗುರುತು ಸಿಕ್ಕಿತು. ಮೊಸರನ್ನದ ಸಂಜೆಯ ಹಗುರವೇ ಅದು. ನಾಚಿಕೆಯಾಯಿತು.

ಜನವೆಲ್ಲ ಪಂಕ್ತಿಯ ಕಡೆ ನಡೆದ ಮೇಲೆ ಶಾಮಿಯಾನದಲ್ಲಿ ಅವನು ಮತ್ತು ಮಾರಕ್ಕ ಉಳಿದರು. ಲಕ್ಷ್ಮಯ್ಯನ ಹೆಂಡತಿ. ಬುಟ್ಟಿ ಹೊತ್ತು ನಡೆದ ಹೆಂಗಸರಲ್ಲಿ ಅವಳೂ ಒಬ್ಬಳು. ಕತ್ತು ಈಗಲೂ ಭಾರ ಹೊತ್ತವರ ಹಾಗೆ ನೆಟ್ಟಗಿತ್ತು. ಎಡೆಯ ಮುಂದಿನ ದೀಪಕ್ಕೆ ಎಣ್ಣೆ ಹಾಕುತ್ತ, ತಿರುಗದೆಯೇ ಹೇಳಿದಳು:

"ನೀವ್ ಯೋಳಿದ್ದು ನಂಗರ್ತ ಆಯ್ತು ಕಣಣ್ಣ."

ವೆಂಕಟರಾಯಪ್ಪ ಅವಳ ಕಡೆ ಒಂದು ಹೆಜ್ಜೆ ಇಟ್ಟ.

"ಅವ್ರಿಗೂ ಗೊತ್ತಿತ್ತು. ಆ ಕಾಗ್ದ ಬಂದ್ ತಿಂಗ್ಳಲ್ಲೇ ಇಸ್ಕೂಲ್ ಮೇಷ್ಟ್ರ ಕೈಲಿ ಓದಿಸ್ಕೊಂಬಂದ್ರು. ಆವತ್ತು ಉಣ್ಣಲಿಲ್ಲ."

"ಗೊತ್ತಿದ್ದೂ... ಮತ್ಯಾಕಮ್ಮ ಊರ್ತುಂಬಾ..."

"ಅಷ್ಟೊತ್ಗಾಗ್ಲೇ ಊರ್ತುಂಬಾ ಯೋಳ್ಬಿಟ್ಟಿದ್ರಲ್ಲ. ಸುಳ್ಳು ನಿಮ್ದಾದ್ರೂ ಬಾಯಿ ಅವ್ರದು. ಇನ್ನೇನ್ ಮಾಡ್ತಾರೆ? ಫ್ರೇಮ್ ಹಾಕ್ಸುದ್ರು. ಹಲ್ ಮುರಿಸ್ಕೊಂಡ್ರು. ಆಮೇಲಾಮೇಲೆ ನಂಬಿಕೇನೇ ಬಂದ್ಬುಡ್ತೇನೋ, ನಿದ್ದೇಲೂ ಅದ್ನೇ ಯೋಳೋರು." ಎಣ್ಣೆಯ ಗಿಂಡಿಯನ್ನು ಕೆಳಗಿಟ್ಟಳು. "ನಾನ್ ನಂಬ್ಲಿಲ್ಲ. ಬುಟ್ಟಿ ನನ್ ತಲೆ ಮೇಲಿತ್ತಲ್ಲ."

ಕ್ಷಮಿಸಮ್ಮ ಎಂದು ಹೇಳಬೇಕೆನಿಸಿತು. ಸಭೆಗಳಲ್ಲಿ ಸಾವಿರ ಸಲ, ತಡವಾಗಿ ಬಂದದ್ದಕ್ಕೆ, ಬೇಗ ಹೊರಟದ್ದಕ್ಕೆ, ಆ ಮಾತನ್ನು ಬಳಸಿ ಸವೆಸಿದ್ದ. ಈಗ ಬೇಕಾದಾಗ ಅದರಲ್ಲಿ ಏನೂ ಉಳಿದಿರಲಿಲ್ಲ.

ಮಾರಕ್ಕ ಎಡೆಯನ್ನು ಸ್ವಲ್ಪ ಪಕ್ಕಕ್ಕೆ ಸರಿಸಿದಳು. ಮೇಜಿನ ಮೇಲೆ ಒಂದು ಅಂಗೈಯಗಲ ಬಿಳಿ ಬಟ್ಟೆ ಖಾಲಿಯಾಯಿತು.

"ಒಂದ್ಸಲ ಕುಟ್ಬುಡಿ," ಎಂದಳು. "ಅವ್ರ್ ಮುಂದೆ. ಒಂದೇ ಸಲ. ಅವ್ರ್ ಯೋಳಿದ್ದು ನಿಜ ಆಗ್ಲಿ."

ಅವಳ ದನಿಯಲ್ಲಿ ವ್ಯಂಗ್ಯವಿರಲಿಲ್ಲ. ದೀಪ ಹಚ್ಚಿ ಎಂದು ಹೇಳಿದ ಹಾಗೆ ಹೇಳಿ ಪಕ್ಕಕ್ಕೆ ನಿಂತಳು. ಪಂಕ್ತಿಯ ಕಡೆಯಿಂದ ಇನ್ನೊಂದು ಮುದ್ದೆ, ಇನ್ನೊಂದು ಮುದ್ದೆ ಎಂದು ಬಡಿಸುವವರು ಕೂಗುತ್ತಿದ್ದರು. ಭಾನುಪ್ರಿಯಾ ಶಾಮಿಯಾನದ ಕಂಬದ ಹತ್ತಿರ ಬಂದು ನಿಂತಿದ್ದಳು. ವೆಂಕಟರಾಯಪ್ಪ ಬಲಗೈ ಎತ್ತಿದ. ಅದು ಎದ್ದಿತು, ಹೆಗಲಿನ ತನಕ ಎದ್ದಿತು. ಅಷ್ಟು ದೊಡ್ಡವರಿಗೆಲ್ಲ ತಟ್ಟಿದ ಕೈ. ಫೋಟೋದಲ್ಲಿ ಲಕ್ಷ್ಮಯ್ಯ ಬಾಯಿ ಮುಚ್ಚಿಕೊಂಡೇ ನೋಡುತ್ತಿದ್ದ. ಬಲ ಹಾಕಬೇಕು ಎಂದುಕೊಂಡ. ಹಾಕಿದೆನೋ ಇಲ್ಲವೋ ಎಂದು ತಿಳಿಯಲಿಲ್ಲ. ಕೈ ಇಳಿದುಬಂದು ಬಿಳಿ ಬಟ್ಟೆಯ ಮೇಲೆ ಅಂಗಾತ ಬಿತ್ತು. ಸದ್ದಾಗಲಿಲ್ಲ. ದೀಪ ಕೂಡ ಅಲುಗಲಿಲ್ಲ.

ಇನ್ನೊಮ್ಮೆ ಎತ್ತಲು ನೋಡಿದ. ಕೈ ಮೇಜಿನ ಮೇಲೆ ಇತ್ತು, ಇಟ್ಟ ಹಾಗೆಯೇ ಇತ್ತು.

ಮಾರಕ್ಕ ಸ್ವಲ್ಪ ಹೊತ್ತು ಕಾದಳು. ಒಂದು ನಿಮಿಷವಿರಬೇಕು. ಆಮೇಲೆ ಬಾಗಿ, ಅವನ ಮಣಿಕಟ್ಟನ್ನು ಎರಡು ಬೆರಳಿನಿಂದ ಎತ್ತಿ ಪಕ್ಕಕ್ಕಿಟ್ಟು, ಎಡೆಯನ್ನು ಮತ್ತೆ ಅದರ ಜಾಗಕ್ಕೆ ಎಳೆದುಕೊಂಡಳು.

"ಊಟ ಮಾಡ್ಕೊಂಡೋಗಿ," ಎಂದು ಒಳಗೆ ಹೋದಳು.